ಕಡೆಯ ಮೂರು ಅಂಕಿ

ಬೆಳಗಿನ ಐದೂಕಾಲು ಗಂಟೆ. ನೆಲಮಾಳಿಗೆಯ ಪ್ರಯೋಗಶಾಲೆಯ ಬಾಗಿಲಲ್ಲಿ ನನ್ನ ಜಪ್ತಿ ನಡೆಯುತ್ತಿದೆ. ಕೈಗಡಿಯಾರ ಹೋಯಿತು, ಬೀಗದ ಕೈ ಗೊಂಚಲು ಹೋಯಿತು, ಮೊಬೈಲ್ ಹೋಯಿತು, ಕೊನೆಗೆ ಬೆಲ್ಟ್ ಕೂಡ ಹೋಯಿತು. ಒಂದು ಕೈಯಲ್ಲಿ ಪ್ಯಾಂಟು, ಇನ್ನೊಂದು ಕೈಯಲ್ಲಿ ಪೆನ್ಸಿಲು ಹಿಡಿದುಕೊಂಡು ಒಳಗೆ ಕಾಲಿಡುತ್ತೇನೆ.

“ಯಾರು ಅಲ್ಲಾಡಿದ್ದು?” ಕತ್ತಲಿಂದ ಒಂದು ದನಿ ಗದರುತ್ತದೆ.

ನಾನು ನಿಂತಲ್ಲೇ ಕಲ್ಲಾಗುತ್ತೇನೆ. ಪರದೆಯ ಮೇಲೆ ನೆಟ್ಟಗೆ ಸಾಗುತ್ತಿದ್ದ ಹಸಿರು ಗೆರೆ ನಾನು ಕಾಲಿಟ್ಟ ಕ್ಷಣಕ್ಕೆ ಸರಿಯಾಗಿ ಚಂಗನೆ ನೆಗೆದಿದೆ. ಸುತ್ತಲಿನ ಕಾಂತಬಲವನ್ನು ಅಳೆಯುವ ಗೆರೆ ಅದು. ಒಂದು ಹೆಜ್ಜೆ ಹಿಂದೆ ಇಟ್ಟರೆ ಇಳಿಯುತ್ತದೆ, ಮುಂದೆ ಇಟ್ಟರೆ ಏರುತ್ತದೆ. ಐವತ್ತೊಂದು ವರ್ಷದ, ಕುಳ್ಳನೆಯ, ಬಟ್ಟೆಯ ಚಪ್ಪಲಿ ಮೆಟ್ಟಿದ ಹೆಂಗಸೊಬ್ಬರು ಬಂದು ನನ್ನನ್ನು ತಲೆಯಿಂದ ಕೆಳಗೆ ನೋಡುತ್ತಾ ಹೋಗಿ ಪಾದದ ಹತ್ತಿರ ನಿಲ್ಲುತ್ತಾರೆ. “ಹಿಮ್ಮಡಿಯೊಳಗೆ ಉಕ್ಕಿನ ಪಟ್ಟಿ ಇದೆ. ಶೂ ಬಿಚ್ಚಿ.” ಬಿಚ್ಚುತ್ತೇನೆ. ಎಡಗಾಲಿನ ಕಾಲುಚೀಲದಿಂದ ಹೆಬ್ಬೆರಳು ಹೊರಗೆ ಇಣುಕುತ್ತಿದೆ. ಅವರು ಅದನ್ನೂ ಒಮ್ಮೆ ಗಂಭೀರವಾಗಿ ನೋಡಿ, “ಬೆರಳಲ್ಲೇನೂ ಕಬ್ಬಿಣ ಇಲ್ಲ ತಾನೇ?” ಎನ್ನುತ್ತಾರೆ. ನಾನು ನಾಚಿ ನೀರಾಗುವ ಹೊತ್ತಿಗೆ ಅವರ ಗಮನ ಮತ್ತೆ ಗೆರೆಯ ಕಡೆಗೆ ಹೋಗಿದೆ.

ಇವರು ಪರಮಾಣು ಭೌತವಿಜ್ಞಾನಿ. ಪರಮಾಣು ಎಂದರೆ ಬಾಂಬು, ವಿದ್ಯುತ್ ಸ್ಥಾವರ ಎಂದುಕೊಂಡು ಬಂದ ನನ್ನಂಥವರಿಗೆ ಮೊದಲ ಪಾಠವನ್ನು ಅವರೇ ಹೇಳಿಬಿಡುತ್ತಾರೆ: “ನಾವು ಯಾವುದನ್ನೂ ಒಡೆಯಲ್ಲ. ಪರಮಾಣುವನ್ನ ಹಿಡೀತೀವಿ, ತಣ್ಣಗೆ ಮಾಡ್ತೀವಿ, ನೋಡ್ತೀವಿ. ಅಷ್ಟೇ.” ಊಟದ ಮೇಜಿಗಿಂತ ಮೂರು ಪಟ್ಟು ದೊಡ್ಡ ಮೇಜು. ಅದರ ಮೇಲೆ ಬೆರಳುಗಾತ್ರದ ನೂರ ನಲವತ್ತಮೂರು ಕನ್ನಡಿಗಳು. ನಟ್ಟನಡುವೆ ಗಾಳಿಯೆಲ್ಲ ಹೊರತೆಗೆದ ಒಂದು ಉಕ್ಕಿಲ್ಲದ ಲೋಹದ ಡಬ್ಬಿ, ಅದಕ್ಕೊಂದು ಗಾಜಿನ ಕಿಂಡಿ. ಸ್ಟ್ರಾನ್ಷಿಯಂ ಎಂಬ ಲೋಹವನ್ನು ಪುಟ್ಟ ಒಲೆಯಲ್ಲಿ ಐನೂರು ಡಿಗ್ರಿಗೆ ಕಾಯಿಸಿದಾಗ ಅದರ ಪರಮಾಣುಗಳು ಬಂದೂಕಿನ ಗುಂಡಿನ ವೇಗದಲ್ಲಿ ಹೊರಡುತ್ತವೆ. ಆರು ದಿಕ್ಕಿನಿಂದ ಲೇಸರ್ ಬೆಳಕು ಬಿಟ್ಟು ಅವನ್ನು ತಡೆದು ನಿಲ್ಲಿಸುವುದು ಇಲ್ಲಿಯ ಕೆಲಸ.

“ಬನ್ನಿ, ಉಸಿರು ಬಿಗಿಹಿಡಿದು ನೋಡಿ.”

ಕಿಂಡಿಯೊಳಗೆ ಇಣುಕುತ್ತೇನೆ. ಅಬ್ಬಾ! ಶೂನ್ಯದಲ್ಲಿ ಯಾವ ಆಸರೆಯೂ ಇಲ್ಲದೆ ತೇಲುತ್ತಿರುವ ನೀಲಿ ಚುಕ್ಕೆ, ಸಾಸಿವೆ ಕಾಳಿಗಿಂತ ಚೂರು ದೊಡ್ಡದು. ಕೋಟಿಗಟ್ಟಲೆ ಪರಮಾಣುಗಳು, ಜಗತ್ತಿನ ಯಾವ ಹಿಮಕ್ಕಿಂತಲೂ ತಣ್ಣಗೆ, ನನ್ನ ಬರಿಗಣ್ಣಿಗೆ ಕಾಣುತ್ತಿವೆ. ಇಪ್ಪತ್ತು ವರ್ಷದಿಂದ ವರದಿ ಬರೆಯುತ್ತಿರುವ ನನಗೆ ಮೈ ಜುಮ್ಮೆನ್ನುತ್ತದೆ. ಹೇಳುವುದಕ್ಕೆ ನಾಚಿಕೆಯೇನೂ ಇಲ್ಲ.

ಈ ಕಟ್ಟಡದಲ್ಲಿ ಬೆಳಗ್ಗೆ ಎಂಟರವರೆಗೆ ಲಿಫ್ಟ್ ಓಡುವುದಿಲ್ಲ. ಓಡಿದರೆ ಅದರ ಕಬ್ಬಿಣದ ಭಾರ ಮೇಲೆ ಕೆಳಗೆ ಹೋದಂತೆಲ್ಲ ಪರಮಾಣುಗಳೂ ಕದಲುತ್ತವೆ. ಬೇಗ ಬರುವ ಕಚೇರಿ ಸಿಬ್ಬಂದಿ ನಾಲ್ಕು ಮಹಡಿ ಏದುಸಿರು ಬಿಡುತ್ತಾ ಹತ್ತುತ್ತಾರೆ, ಹತ್ತುವಾಗ ಇವರನ್ನು ಮನಸಾರೆ ಬೈಯುತ್ತಾರೆ. ಅದಕ್ಕೇ ಇವರ ದಿನ ನಾಲ್ಕೂವರೆಗೆ ಶುರು. ಒಂದು ಅಳತೆಗೆ ಒಂದೂವರೆ ಸೆಕೆಂಡು. ಒಂದು ಬೆಳಗ್ಗೆಗೆ ಎಂಟು ಸಾವಿರ ಅಳತೆ. ಕಳೆದ ಹದಿನಾಲ್ಕು ತಿಂಗಳಲ್ಲಿ ಮುನ್ನೂರು ಬೆಳಗು, ಅಂದರೆ ಇಪ್ಪತ್ತನಾಲ್ಕು ಲಕ್ಷ ಸಲ ಒಂದೇ ಪ್ರಶ್ನೆ: ಈ ಪರಮಾಣು ಸರಿಯಾಗಿ ಯಾವ ಬಣ್ಣದ ಬೆಳಕನ್ನು ಹೀರುತ್ತದೆ? ಉತ್ತರ ಹದಿನೈದು ಅಂಕಿಗಳ ಒಂದು ಸಂಖ್ಯೆ. ಮೊದಲ ಹನ್ನೆರಡರ ಬಗ್ಗೆ ಯಾರಿಗೂ ತಕರಾರಿಲ್ಲ. ಜಗಳವೆಲ್ಲ ಕಡೆಯ ಮೂರರದ್ದು.

ಆ ಕಡೆಯ ಮೂರು ಅಂಕಿ ಇವತ್ತು ಗೊತ್ತಾಗಲಿವೆ. ಇವತ್ತೇ, ಹನ್ನೊಂದು ಗಂಟೆಗೆ! ನಾನು ಬಂದಿರುವುದೂ ಅದಕ್ಕೇ.

ಇವರನ್ನು ಇಲ್ಲಿ ಎಲ್ಲರೂ ಕರೆಯುವುದು ‘ಸ್ಕ್ರೂ ಮೇಡಂ’ ಎಂದು. ಎದುರಿಗೇ ಕರೆಯುತ್ತಾರೆ, ಇವರೂ ಓಗೊಡುತ್ತಾರೆ. ಆ ಹೆಸರು ಬಂದ ಬಗೆಯನ್ನು ಹೇಳುವ ಮುಂಚೆ ಇವರು ಇಲ್ಲಿಗೆ ಬಂದ ದಾರಿಯನ್ನು ಹೇಳಬೇಕು. ಅದು ಸೀದಾ ದಾರಿಯಲ್ಲ.

ತಾಯಿ ಕನ್ನಡಕದ ಗಾಜು ಉಜ್ಜುತ್ತಿದ್ದವರು. ಎರಡು ಕೋಣೆಯ ಮನೆ, ಮುಂದಿನ ಕೋಣೆಯೇ ಅಂಗಡಿ. ಶಾಲೆಯಿಂದ ಬಂದ ಮಗಳು ಪುಸ್ತಕದ ಚೀಲ ಎಸೆದು ಗಾಜು ಹಿಡಿಯುತ್ತಿದ್ದಳು. ಹತ್ತೊಂಬತ್ತಕ್ಕೆ ಈ ಸಂಸ್ಥೆಯ ಕನ್ನಡಿ ಉಜ್ಜುವ ವಿಭಾಗಕ್ಕೆ ಸಹಾಯಕಿಯಾಗಿ ಸೇರಿದರು. ಮೇಲಿನ ಮಹಡಿಯ ಒಬ್ಬ ಹಿರಿಯ ವಿಜ್ಞಾನಿ ಇವರು ಉಜ್ಜಿದ ಕನ್ನಡಿಯನ್ನು ಸರಿಯಿಲ್ಲವೆಂದು ಎರಡು ಸಲ ವಾಪಸು ಕಳಿಸಿದರಂತೆ. ಮೂರನೇ ಸಲ ಹುಡುಗಿಗೆ ಪಿತ್ತ ನೆತ್ತಿಗೇರಿತು. ಕನ್ನಡಿಯನ್ನು ತಾನೇ ಹಿಡಿದುಕೊಂಡು ಮೇಲೆ ಹತ್ತಿದಳು.

“‘ಇದರಲ್ಲಿ ನೀವು ಅಂಥಾದ್ದೇನು ನೋಡ್ತೀರಿ ಸರ್?’ ಅಂತ ಕೇಳಿಬಿಟ್ಟೆ. ಬೈತಾರೆ ಅಂದ್ಕೊಂಡಿದ್ದೆ. ಅವರು ಬೈಲಿಲ್ಲ, ಕಿಂಡಿ ಹತ್ರ ಕರ್ಕೊಂಡು ಹೋಗಿ ತೋರಿಸಿದ್ರು. ಅಷ್ಟೇ, ನನಗೆ ಹುಚ್ಚು ಹಿಡೀತು. ಇವತ್ತಿಗೂ ಬಿಟ್ಟಿಲ್ಲ.”

ಸಂಜೆ ಕಾಲೇಜು ಸೇರಿದರು. ಪದವಿ ಕೈಗೆ ಬಂದಾಗ ಇಪ್ಪತ್ತೈದು. ಸಂಬಳವಿಲ್ಲದ ರಜೆ ಹಾಕಿ ಸ್ನಾತಕೋತ್ತರ ಮುಗಿಸಿದಾಗ ಇಪ್ಪತ್ತೊಂಬತ್ತು. ಡಾಕ್ಟರೇಟ್ ಸಿಕ್ಕಾಗ ಮೂವತ್ತೊಂಬತ್ತು. ಆ ಹೊತ್ತಿಗೆ ಇವರ ಓರಗೆಯವರು ವಿಭಾಗದ ಮುಖ್ಯಸ್ಥರಾಗಿದ್ದರು. ಸಂದರ್ಶನವೊಂದರಲ್ಲಿ ಯಾರೋ “ಕನ್ನಡಿ ಉಜ್ಜುತ್ತಿದ್ದವರಾ ನೀವು?” ಎಂದು ಕೇಳಿದಾಗ “ಹೌದು, ಈಗಲೂ ನಾನೇ ಉಜ್ಜಿಕೊಳ್ಳೋದು. ಬೇರೆಯವರು ಉಜ್ಜಿದ್ರೆ ನನಗೆ ಸಮಾಧಾನ ಇಲ್ಲ” ಎಂದರಂತೆ. ಕೆಲಸ ಸಿಕ್ಕಿತು. ನಲವತ್ತಕ್ಕೆ ಈ ನೆಲಮಾಳಿಗೆಯ ಕೋಣೆ ಸಿಕ್ಕಿತು.

ಎಪ್ಪತ್ತೆಂಟರ ತಾಯಿ ಈಗಲೂ ಗಟ್ಟಿ. ಹಿಂದಿನ ದಿನ ಮನೆಗೆ ಹೋಗಿದ್ದಾಗ ನನ್ನ ಕನ್ನಡಕವನ್ನು ಕಿತ್ತುಕೊಂಡು ಒರೆಸುತ್ತಲೇ ಮಾತಾಡಿದರು: “ಎಲ್ಲರಿಗೂ ಕಣ್ಣ ಮುಂದಿರೋದು ಕಾಣಲಿ ಅಂತ ನಾನು ಗಾಜು ಉಜ್ಜಿದೆ. ಇವಳು ಯಾರಿಗೂ ಕಾಣದ್ದನ್ನ ನೋಡ್ತೀನಿ ಅಂತ ಹೊರಟಳು. ಯಾರನ್ನ ಹೋಲ್ತಾಳೋ ಏನೋ ಕಣಪ್ಪ!” ಮೇಡಂ ಅವರ ಗಂಡ ಹಲ್ಲಿನ ಸೆಟ್ಟು ತಯಾರಿಸುವವರು. ಅವರದ್ದು ಇನ್ನೊಂದು ವರಸೆ: “ನಾನು ಕೂರಿಸಿದ ಹಲ್ಲು ಸರಿ ಇದೆಯೋ ಇಲ್ಲವೋ ಸಂಜೆ ಊಟಕ್ಕೇ ಗೊತ್ತಾಗುತ್ತೆ. ಇವಳದ್ದು ಗೊತ್ತಾಗೋಕೆ ಹದಿನಾಲ್ಕು ತಿಂಗಳು! ನನಗಾಗಿದ್ರೆ ತಲೆ ಕೆಟ್ಟು ಹೋಗ್ತಿತ್ತು.”

ಈಗ ಸ್ಕ್ರೂ ಕಥೆ. ಇದೇ ಸಂಖ್ಯೆಯನ್ನು ಇವರು ಐದು ವರ್ಷದ ಹಿಂದೆ ಒಮ್ಮೆ ಅಳೆದಿದ್ದರು. ಅದಕ್ಕೂ ಮುಂಚೆ ಬೇರೆ ಬೇರೆ ಕಡೆಯ ಎರಡು ದೊಡ್ಡ ಪ್ರಯೋಗಶಾಲೆಗಳು ಅಳೆದಿದ್ದವು. ಒಂದರ ಕಡೆಯ ಮೂರು ಅಂಕಿ 216, ಇನ್ನೊಂದರದ್ದು 222. ಇವರಿಗೆ ಮೊದಮೊದಲು ಎಲ್ಲೋ ದೂರದ ಸಂಖ್ಯೆ ಬರುತ್ತಿತ್ತು. ಎಲ್ಲೋ ಎಡವಿದ್ದೇನೆ ಎಂದು ಹುಡುಕಿದರು. ಒಂದು ತಪ್ಪು ಸಿಕ್ಕಿತು, ತಿದ್ದಿದರು. ಇನ್ನೊಂದು ಸಿಕ್ಕಿತು, ತಿದ್ದಿದರು. ಮೂರನೆಯದನ್ನು ತಿದ್ದಿದಾಗ ಸಂಖ್ಯೆ ಬಂದು 219ರಲ್ಲಿ ನಿಂತಿತು, ಎರಡರ ಸರಿಯಾದ ಮಧ್ಯಕ್ಕೆ. ಕುಣಿದಾಡಿದರು, ಪ್ರಕಟಿಸಿದರು. ಎಲ್ಲ ಕಡೆಯಿಂದ ಶಹಭಾಸ್ ಬಂತು, ಬಡ್ತಿಯ ಮಾತೂ ಬಂತು.

ಎಂಟು ತಿಂಗಳ ಮೇಲೆ ಒಂದು ದಿನ ಮೇಜು ಒರೆಸುವಾಗ ಕೈಯಲ್ಲಿದ್ದ ಪುಟ್ಟ ಆಯಸ್ಕಾಂತ ಡಬ್ಬಿಯ ಪಕ್ಕಕ್ಕೆ ಟಕ್ಕೆಂದು ಅಂಟಿಕೊಂಡಿತು. ಅಲ್ಲಿ ಅಂಟಲೇಬಾರದು. ಹಿತ್ತಾಳೆ ಸ್ಕ್ರೂ ಇರಬೇಕಾದ ಜಾಗದಲ್ಲಿ ಉಕ್ಕಿನದ್ದು ಕೂತಿತ್ತು. ಯಾವಾಗಲೋ ಅವಸರದಲ್ಲಿ ಹಾಕಿದ್ದವರು ಬೇರೆ ಯಾರೂ ಅಲ್ಲ, ಇವರೇ. ತೆಗೆದು ನೋಡಿದರೆ 219 ದಿಕ್ಕಾಪಾಲು.

“ಯಾರಿಗೂ ಗೊತ್ತಾಗಲ್ಲ, ಸುಮ್ಮನಿದ್ದುಬಿಡು” ಎಂದರು ಹಿತೈಷಿಗಳು. ಅದೇ ವಾರ ಪತ್ರಿಕೆಗೆ ಬರೆದು ಇವರು ತಮ್ಮ ಲೇಖನವನ್ನು ವಾಪಸು ಪಡೆದರು. ಬಡ್ತಿ ನಿಂತಿತು. ಜೊತೆಗಿದ್ದ ಇಬ್ಬರು ಮೆಲ್ಲಗೆ ಜಾಗ ಖಾಲಿ ಮಾಡಿದರು. ಹೆಸರು ಮಾತ್ರ ಅಂಟಿಕೊಂಡಿತು.

“ಎಲ್ಲರೂ ಸ್ಕ್ರೂ ಸ್ಕ್ರೂ ಅಂತಾರೆ,” ಎನ್ನುತ್ತಾರೆ ಇವರು, ಈ ಒಂದು ಸಲ ದನಿ ತಗ್ಗಿಸಿ. “ಸ್ಕ್ರೂ ಯಾರ ಕೈಯಲ್ಲಾದ್ರೂ ತಪ್ಪಾಗುತ್ತೆ ಬಿಡಿ. ನನ್ನ ನಿಜವಾದ ತಪ್ಪು ಬೇರೆ. ಸಂಖ್ಯೆ ಅವರಿಬ್ಬರದ್ದಕ್ಕೆ ಹೊಂದದೇ ಇದ್ದಾಗ ಹಗಲೂ ರಾತ್ರಿ ಹುಡುಕಿದೆ. ಹೊಂದಿದ ತಕ್ಷಣ ಹುಡುಕೋದು ನಿಲ್ಲಿಸಿಬಿಟ್ಟೆ. ಯಾಕೆ? ಉತ್ತರ ಇಷ್ಟೇ ಅಂತ ಮನಸ್ಸಲ್ಲಿ ಮೊದಲೇ ಕೂತಿತ್ತು.”

ಹಾಗಾಗಿಯೇ ಈ ಸಲ ಮನಸ್ಸಿಗೇ ಕಣ್ಣು ಕಟ್ಟುವ ಏರ್ಪಾಟು. ಕಂಪ್ಯೂಟರ್ ವಿಭಾಗದವರು ಹದಿನಾಲ್ಕು ತಿಂಗಳ ಹಿಂದೆ ಅಳತೆಯ ಯಂತ್ರದೊಳಗೆ ಒಂದು ಗುಟ್ಟಿನ ಸಂಖ್ಯೆಯನ್ನು ಸೇರಿಸಿದರು. ಎಷ್ಟೆಂದು ಯಂತ್ರವೇ ಆರಿಸಿಕೊಂಡಿತು, ಒಂದೇ ಪ್ರತಿ ಮುದ್ರಿಸಿತು, ಲಕೋಟೆಗೆ ಅಂಟು ಬಿತ್ತು. “ತಕ್ಕಡಿಯಲ್ಲಿ ಯಾರೋ ಗುಟ್ಟಾಗಿ ಒಂದು ಕಲ್ಲು ಇಟ್ಟ ಹಾಗೆ. ಎಷ್ಟು ತೂಕದ ಕಲ್ಲು ಅಂತ ನನಗೇ ಗೊತ್ತಿಲ್ಲ. ಹಾಗಿರುವಾಗ ನನ್ನ ಉತ್ತರ ಯಾರದ್ದಕ್ಕೆ ಹೊಂದುತ್ತೆ, ಯಾರದ್ದಕ್ಕೆ ಹೊಂದಲ್ಲ ಅಂತ ನಾನು ಹೇಗೆ ಲೆಕ್ಕ ಹಾಕಲಿ? ತಪ್ಪು ಹುಡುಕೋದೊಂದೇ ದಾರಿ.” ಲಕೋಟೆ ಒಡೆದ ಮೇಲೆ ಒಂದಂಕಿಯನ್ನೂ ತಿದ್ದುವಂತಿಲ್ಲ, ಬಂದದ್ದನ್ನು ಬಂದ ಹಾಗೆಯೇ ಪ್ರಕಟಿಸಬೇಕು. ಹೀಗೆಂದು ಎಲ್ಲರೂ ಮೊದಲೇ ಸಹಿ ಹಾಕಿದ್ದಾರೆ.

ಲಕೋಟೆ ಇರುವುದು ಉಗ್ರಾಣದ ಅಣ್ಣನ ಬೀರುವಿನಲ್ಲಿ. ಐವತ್ತೊಂಬತ್ತರ ಈ ಸ್ಟೋರ್‌ಕೀಪರ್ ಮೇಡಂ ಕೆಲಸಕ್ಕೆ ಸೇರಿದ ಮೊದಲ ದಿನ ಏಪ್ರನ್ ಅಳೆದು ಕೊಟ್ಟವರು. ಭೌತವಿಜ್ಞಾನ ಎಂದರೆ ಮಾರು ದೂರ. “ಅದಕ್ಕೇ ನನ್ನನ್ನ ಆರಿಸಿದ್ದು!” ಎಂದು ಎದೆಯುಬ್ಬಿಸುತ್ತಾರೆ. “ಹದಿನಾಲ್ಕು ತಿಂಗಳಿಂದ ಬೀರು ಕೀಲಿ ನನ್ನ ಸೊಂಟ ಬಿಟ್ಟಿಲ್ಲ. ಸ್ನಾನಕ್ಕೆ ಹೋದ್ರೂ ಜೊತೆಗೇ. ನನ್ನ ಹೆಂಡ್ತಿ ‘ಏನ್ರೀ ಅದು, ನಿಧಿನಾ?’ ಅಂತಾಳೆ. ಒಳಗೇನಿದೆ ಅಂತ ಒಂದಿನಾನೂ ಆಸೆ ಪಟ್ಟಿಲ್ಲ ನಾನು.” ಸ್ವಲ್ಪ ತಡೆದು, “ಎರಡು ದಿನ ಪಟ್ಟಿದ್ದೆ” ಎಂದು ತಿದ್ದಿಕೊಳ್ಳುತ್ತಾರೆ.

ಪಣಕ್ಕಿರುವುದು ಸಣ್ಣದಲ್ಲ. ಮುಂದಿನ ತಿಂಗಳು ಪರಿಶೀಲನಾ ಸಮಿತಿ ಬರುತ್ತದೆ. ಈ ಕೋಣೆಯನ್ನು ಇನ್ನೊಂದು ತಂಡ ಕೇಳಿದೆ, ಆಗಲೇ ಟೇಪು ಹಿಡಿದು ಗೋಡೆ ಅಳೆದುಕೊಂಡೂ ಹೋಗಿದೆ. ಒಮ್ಮೆ ತಪ್ಪಿದವರ ಎರಡನೇ ಉತ್ತರವೂ ಎಲ್ಲೋ ದೂರ ಹೋಗಿ ನಿಂತರೆ ನಂಬುವವರು ಯಾರು? ಮೇಜಿನ ಮೇಲಿನ ಒಂದೊಂದು ಕನ್ನಡಿಯನ್ನೂ ಇವರೇ ಕೂರಿಸಿದ್ದು. ಬಿಚ್ಚಿ ಪೆಟ್ಟಿಗೆಗೆ ತುಂಬಿದರೆ ಮತ್ತೆ ಕಟ್ಟಲು ಆರು ವರ್ಷ ಬೇಕು. ಅಷ್ಟರಲ್ಲಿ ಇವರ ನಿವೃತ್ತಿ ಹತ್ತಿರ ಬಂದಿರುತ್ತದೆ.

ಹತ್ತೂವರೆಗೆ ಕೋಣೆ ತುಂಬುತ್ತದೆ. ಇವರ ಜೊತೆಯ ಸಂಶೋಧಕಿ, ಮೂವತ್ತಾರು ವರ್ಷದವರು, ಅವಳಿ ಮಕ್ಕಳ ತಾಯಿ, ಕೈಯಲ್ಲಿ ಪಟ್ಟಿ ಹಿಡಿದು ನಿಂತಿದ್ದಾರೆ. ಅವರ ಅಡ್ಡಹೆಸರು ‘ಅನುಮಾನ’. ಕಾಫಿ ಕೊಟ್ಟರೂ ಎರಡು ಸಲ ಮೂಸಿ ಕುಡಿಯುವವರು ಎಂದು ತಮಾಷೆ. ಅರವತ್ತೊಂದು ಪ್ರಶ್ನೆಗಳನ್ನು ಒಂದೊಂದಾಗಿ ಓದುತ್ತಾರೆ.

“ಒಲೆಯ ಶಾಖ ಹೆಚ್ಚುಕಮ್ಮಿ ಮಾಡಿ ನೋಡಿದ್ವಾ?”

“ನೋಡಿದೀವಿ.”

“ಲಿಫ್ಟ್ ಮೇಲಿದ್ದಾಗ, ಕೆಳಗಿದ್ದಾಗ?”

“ಎರಡೂ ನೋಡಿದೀವಿ.”

“ಎಲ್ಲಾ ಸ್ಕ್ರೂಗೂ ಆಯಸ್ಕಾಂತ ಹಿಡಿದು...”

“ಮೂರು ಸಲ!” ಇಡೀ ಕೋಣೆ ಒಕ್ಕೊರಲಿನಿಂದ ಕೂಗಿ ನಗುತ್ತದೆ. ಸ್ಕ್ರೂ ಮೇಡಂ ಕೂಡ ನಗುತ್ತಾರೆ. ಆದರೆ ಸೆರಗಿನ ತುದಿಯನ್ನು ಹಿಂಡುತ್ತಿರುವ ಅವರ ಬೆರಳು ನನಗೆ ಕಾಣುತ್ತಿದೆ.

ಸಂಸ್ಥೆಯ ನಿರ್ದೇಶಕರು ಒಳ್ಳೆಯ ಮನಸ್ಸಿನಿಂದಲೇ ಹತ್ತಿರ ಬಂದು ಪಿಸುಗುಟ್ಟುತ್ತಾರೆ: “ನೋಡಿ ಮೇಡಂ, ನಾವು ನಾಲ್ಕೇ ಜನ ಮೊದಲು ಒಮ್ಮೆ ಇಣುಕಿ ನೋಡಿಬಿಡೋಣ. ತೀರಾ ಅಡ್ಡಾದಿಡ್ಡಿ ಬಂದಿದ್ರೆ ಇನ್ನೊಂದು ತಿಂಗಳು ಹುಡುಕಿ ಆಮೇಲೆ ಸಭೆ ಕರೆಯೋಣ.” ಇವರು ಒಪ್ಪುವುದಿಲ್ಲ. “ಸರ್, ಕಳೆದ ಸಲ ನಾನು ಮಾಡಿದ್ದೇ ಅದು” ಎಂದು ಹೇಳಿ ಎಲ್ಲರಿಗೂ ಕೇಳುವಂತೆ ಕೂಗುತ್ತಾರೆ, “ಅಣ್ಣಾ, ಒಡೀರಿ!”

ಉಗ್ರಾಣದ ಅಣ್ಣ ಅಂಟಿನ ಕೆಳಗೆ ಬೆರಳು ತೂರಿಸಿ ಎಳೆಯುತ್ತಾರೆ. ಲಕೋಟೆಯ ಅಂಚು ಓರೆಯಾಗಿ ಹರಿಯುತ್ತದೆ. ಚೀಟಿ ಬಿಡಿಸಿ ಓದುತ್ತಾರೆ: “ಆರುನೂರ ಮೂವತ್ತೇಳು.” ಯಂತ್ರ ತೋರಿಸುತ್ತಿದ್ದ ಅಂಕಿ ಆಗಲೇ ಬೋರ್ಡಿನ ಮೇಲಿದೆ, 905. ಅನುಮಾನ ಸೀಮೆಸುಣ್ಣ ಹಿಡಿದು ಕಳೆಯುತ್ತಾರೆ. ಮೂರನೇ ತರಗತಿಯ ಮಗುವೂ ಮಾಡಬಲ್ಲ ಲೆಕ್ಕ.

268.

216 ಅಲ್ಲ, 222 ಅಲ್ಲ. ಅಳತೆಯಲ್ಲಿ ಆರರಷ್ಟು ಹೆಚ್ಚುಕಮ್ಮಿ ಇರಬಹುದು ಎಂದು ಇಟ್ಟುಕೊಂಡರೂ ಇಬ್ಬರ ಹತ್ತಿರಕ್ಕೂ ಸುಳಿಯದ ಸಂಖ್ಯೆ. ಯಾರೋ “ಅಯ್ಯೋ” ಎನ್ನುತ್ತಾರೆ. ನಿರ್ದೇಶಕರು ಕನ್ನಡಕ ತೆಗೆದು ಮತ್ತೆ ಹಾಕಿಕೊಳ್ಳುತ್ತಾರೆ. ಪಾಪ, ಒಂಟಿಯಾಗಿಬಿಟ್ಟರಲ್ಲ ಎನಿಸುತ್ತದೆ. ಅವರ ಮುಖ ನೋಡುತ್ತೇನೆ. ಬಿಳಿಚಿಕೊಂಡಿದೆ. ಆದರೂ ಸೀಮೆಸುಣ್ಣ ತೆಗೆದುಕೊಂಡು 268ರ ಕೆಳಗೆ ದಿನಾಂಕ ಬರೆದು ಸಹಿ ಹಾಕುತ್ತಾರೆ. “ಇದೇ ಹೋಗುತ್ತೆ” ಎನ್ನುತ್ತಾರೆ.

ಆಗ ಫೋನು ಬಡಿದುಕೊಳ್ಳುತ್ತದೆ.

222 ಅಳೆದ ದೂರದ ಪ್ರಯೋಗಶಾಲೆಯ ಮುಖ್ಯಸ್ಥರು. ಇವತ್ತು ಲಕೋಟೆ ಒಡೆಯುವ ಸುದ್ದಿ ಅವರಿಗೂ ಗೊತ್ತು. ಸ್ಪೀಕರ್ ಹಾಕುತ್ತಾರೆ.

“ಎಷ್ಟು ಬಂತು ಮೇಡಂ? ಬೇಗ ಹೇಳಿ. ನನ್ನ ಪ್ರಾಣ ಹೋಗ್ತಿದೆ ಇಲ್ಲಿ.”

“ನಿಮಗೇನು ಅಷ್ಟು ಅವಸರ ಸರ್?”

“ಏನು ಹೇಳಲಿ... ನಾವೂ ಹೊಸದಾಗಿ ಅಳೆದ್ವಿ. ನಮ್ಮ ಹಳೇದಕ್ಕೇ ಹೊಂದ್ತಿಲ್ಲ. ಎಂಟು ತಿಂಗಳಿಂದ ತಪ್ಪು ಹುಡುಕ್ತಾ ಇದೀವಿ, ಒಂದೂ ಸಿಗ್ತಿಲ್ಲ. ನಿಮ್ಮದು ಇನ್ನೂರ ಇಪ್ಪತ್ತರ ಹತ್ರ ಬಂದಿದ್ರೆ ನಮ್ಮದನ್ನ ಕಸದ ಬುಟ್ಟಿಗೆ ಹಾಕ್ತೀನಿ.”

ಅನುಮಾನ ಇವರ ತೋಳನ್ನು ಗಟ್ಟಿಯಾಗಿ ಹಿಡಿಯುತ್ತಾರೆ. ಎಲ್ಲರೂ ಬಾಯಿಯ ಸನ್ನೆಯಲ್ಲಿ “ಹೇಳಿ, ಹೇಳಿ” ಎನ್ನುತ್ತಿದ್ದಾರೆ. ನಾನೂ ಎನ್ನುತ್ತಿದ್ದೇನೆ, ನನಗೇನು ಸಂಬಂಧವೋ! ಇವರು ಬಾಯಿ ತೆರೆಯುತ್ತಾರೆ, ಮುಚ್ಚುತ್ತಾರೆ, ಕೊನೆಗೆ ಹೇಳುತ್ತಾರೆ: “ಹೇಳಲ್ಲ ಸರ್.”

“ಏನಂದ್ರಿ?”

“ಕೋಪ ಮಾಡ್ಕೋಬೇಡಿ. ನಾನು ಹೇಳಿದ್ರೆ ನಿಮ್ಮದು ಕೆಟ್ಟು ಹೋಗುತ್ತೆ. ಹೊಂದಿದ್ರೆ ಹುಡುಕೋದು ನಿಲ್ಲಿಸ್ತೀರಿ, ಹೊಂದದಿದ್ರೆ ಬುಟ್ಟಿಗೆ ಹಾಕ್ತೀರಿ. ನಿಮಗೆ ಬಂದಿದ್ದನ್ನ, ಬಂದ ಹಾಗೇ ಸಹಿ ಹಾಕಿ ಕಳಿಸಿ. ಅದು ಕೈಗೆ ಬಂದ ಮರುಕ್ಷಣ ನಮ್ಮದು ಕಳಿಸ್ತೀನಿ.”

ಎಂಥ ಹೆಂಗಸು! ಮುಳುಗುತ್ತಿರುವವರಿಗೆ ಒಂದು ಹುಲ್ಲುಕಡ್ಡಿ ಸಿಕ್ಕಿರುವಾಗ ಅದನ್ನು ಹಿಡಿಯದೆ ಕೈ ಹಿಂದಕ್ಕೆಳೆದುಕೊಂಡರು. ಆ ಕಡೆಯವರು ಗೊಣಗಿದರು, ಆಮೇಲೆ ನಕ್ಕರು, “ತಂಡದವರನ್ನ ಕೇಳ್ತೀನಿ” ಎಂದು ಫೋನು ಇಟ್ಟರು.

ಅಲ್ಲಿಂದ ಸಂಜೆ ನಾಲ್ಕರವರೆಗಿನ ಹೊತ್ತು ನನ್ನ ಜೀವನದ ಅತಿ ಉದ್ದದ ಹೊತ್ತು. ಯಾರೂ ಬೋರ್ಡಿನ ಸಂಖ್ಯೆಯನ್ನು ಹೊರಗೆ ಬಾಯಿಬಿಡಬಾರದು ಎಂದು ಆಣೆ ಹಾಕಿಸಿದ್ದಾರೆ. ಹೊಟ್ಟೆಯಲ್ಲಿ ಗುಟ್ಟು ನಿಲ್ಲದವನೆಂದು ಮನೆಯಲ್ಲಿ ಹೆಸರಾದ ನಾನು ಕಾರಿಡಾರಿನಲ್ಲಿ ಶತಪಥ ಹಾಕುತ್ತೇನೆ. ಊಟಕ್ಕೆ ಯಾರಿಗೂ ಮನಸ್ಸಿಲ್ಲ. ಸ್ಕ್ರೂ ಮೇಡಂ ಮಾತ್ರ ಮೂಲೆಯಲ್ಲಿ ಕೂತು ಮೆತ್ತನೆಯ ಬಟ್ಟೆಯಿಂದ ಒಂದು ಕನ್ನಡಿ ಉಜ್ಜುತ್ತಿದ್ದಾರೆ. “ಭಯ ಆಗ್ತಿದೆಯಾ?” ಎಂದು ಕೇಳಿದೆ. “ಆಗದೇ ಏನು? ಈ ಕೋಣೆ ಹೋದ್ರೆ ನಾನು ಏನು ಮಾಡಲಿ ಅಂತ ಯೋಚನೆ ಮಾಡ್ತಾ ಇದೀನಿ” ಎಂದರು, ಮುಚ್ಚುಮರೆಯಿಲ್ಲದೆ.

ನಾಲ್ಕು ಹತ್ತಕ್ಕೆ ಸಂದೇಶ ಬರುತ್ತದೆ. ಸಹಿ ಹಾಕಿದ ಒಂದು ಪುಟ. ಓದಲು ಇವರಿಗೆ ಧೈರ್ಯ ಸಾಲದು, ಅನುಮಾನ ಓದುತ್ತಾರೆ. ಹದಿನೈದು ಅಂಕಿ. ಮೊದಲ ಹನ್ನೆರಡನ್ನು ಗಡಗಡ ಓದಿ ಮುಗಿಸಿ ನಿಲ್ಲುತ್ತಾರೆ.

“ಇನ್ನೂರ... ಅಕ್ಕಾ, ಇನ್ನೂರ ಅರವತ್ತೈದು! ಏಳರಷ್ಟು ಹೆಚ್ಚುಕಮ್ಮಿ ಇರಬಹುದಂತೆ!”

268 ಮತ್ತು 265. ಈ ಕೆಲಸದಲ್ಲಿ ಇದಕ್ಕಿಂತ ಹತ್ತಿರ ಯಾರೂ ಕೇಳುವುದಿಲ್ಲ. ಒಬ್ಬರದ್ದು ಇನ್ನೊಬ್ಬರಿಗೆ ಗೊತ್ತಿಲ್ಲದೆ, ಎಲ್ಲೋ ದೂರದ ಎರಡು ಕೋಣೆಗಳಲ್ಲಿ ಪರಮಾಣುಗಳು ಒಂದೇ ಉತ್ತರ ಕೊಟ್ಟಿವೆ. ಹಳೆಯ ಸಂಖ್ಯೆಗಳೇ ತಪ್ಪು! ಕೋಣೆಯಲ್ಲಿ ಕೇಕೆ, ಶಿಳ್ಳೆ. ನಿರ್ದೇಶಕರು ಅನುಮಾನದ ಕೈ ಕುಲುಕುವ ಬದಲು ನನ್ನ ಕೈ ಕುಲುಕುತ್ತಿದ್ದಾರೆ. ಗೋಡೆ ಅಳೆದುಹೋದ ತಂಡದ ಮುಖ್ಯಸ್ಥರೂ ಬಾಗಿಲಲ್ಲಿ ನಿಂತು ಚಪ್ಪಾಳೆ ತಟ್ಟುತ್ತಾರೆ. ನಾನು ಹರಿದ ಕಾಲುಚೀಲದಲ್ಲೇ ಕುಣಿದೆ, ಒಪ್ಪಿಕೊಳ್ಳುತ್ತೇನೆ.

ಉಗ್ರಾಣದ ಅಣ್ಣನಿಗೆ ಏನಾಯಿತೆಂದು ಪೂರ್ತಿ ತಿಳಿದಿಲ್ಲ, ಕಣ್ಣು ಮಾತ್ರ ತುಂಬಿದೆ. ಗದ್ದಲದ ನಡುವೆ ದಾರಿ ಮಾಡಿಕೊಂಡು ಬಂದು ಇವರ ತಲೆಯ ಮೇಲೆ ಕೈಯಿಡುತ್ತಾರೆ. “ಅಂತೂ ಗೆದ್ದುಬಿಟ್ಟೆ ಅಲ್ವೇನಮ್ಮಾ?”

ಇವರು ಸೆರಗಿನಿಂದ ಮುಖ ಒರೆಸಿಕೊಂಡು ನಗುತ್ತಾರೆ.

“ಆ ಪರಮಾಣು ಮೊದಲಿಂದಲೂ ಇದನ್ನೇ ಹೇಳ್ತಿತ್ತು ಅಣ್ಣಾ. ಈ ಸಲ ನಾನು ನಡುವೆ ಬಾಯಿ ಹಾಕಲಿಲ್ಲ.”